ಮೌಗ್ಲಿ ಹೊತ್ತ ಬಿಂದಿಗೆ

ತೋಳಗಳು ಸಾಕಿದ ಮೌಗ್ಲಿಗೆ ಜಾತಿ ಅಂದರೆ ಗೊತ್ತಿಲ್ಲ. ಕಿಪ್ಲಿಂಗ್‌ನ 1894ರ 'ಜಂಗಲ್ ಬುಕ್'ನಲ್ಲಿ ಅವನು ಊರು ಸೇರಿದಾಗ, ಗುಂಡಿಗೆ ಜಾರಿದ ಕುಂಬಾರನ ಕತ್ತೆಯನ್ನು ಬಾಲ ಹಿಡಿದು ಮೇಲೆಳೆಯುತ್ತಾನೆ. ಕೀಳುಜಾತಿಯವನ ಕತ್ತೆ ಮುಟ್ಟಿದನೆಂದು ಪೂಜಾರಿ ಬಯ್ದರೆ, ನಿನ್ನನ್ನೂ ಕತ್ತೆ ಮೇಲೆ ಹೇರ್ತೀನಿ ಅಂತ ಗದರುತ್ತಾನೆ. ಸಾಮ್ರಾಜ್ಯಶಾಹಿಯ ಹೊಗಳುಭಟನಿಗೂ ಕಂಡಿದ್ದ ಈ ಜಾತಿ, 1967ರ ಡಿಸ್ನಿ ಚಿತ್ರದಲ್ಲಿ ಮಾಯ. ಪೂಜಾರಿಯಿಲ್ಲ, ಕುಂಬಾರನೂ ಇಲ್ಲ. ಕೊನೆಗೆ ನೀರಿಗೆ ಬಂದ ಹುಡುಗಿ ಬೇಕೆಂತಲೇ ಬಿಂದಿಗೆ ಉರುಳಿಸುತ್ತಾಳೆ. ಮೌಗ್ಲಿ ಅದನ್ನು ತುಂಬಿ, ಹೊತ್ತು, ಅವಳ ಹಿಂದೆ ಊರಿಗೆ ನಡೆಯುತ್ತಾನೆ. ಎಷ್ಟು ಸಲೀಸು ನೋಡಿ! 1927ರಲ್ಲಿ ಮಹಾಡದ ಕೆರೆಯ ನೀರು ಕುಡಿದದ್ದಕ್ಕೇ ನಮ್ಮವರು ಏಟು ತಿಂದರು. ಹುಟ್ಟು ಗೊತ್ತಿಲ್ಲದವನು ಹೊತ್ತ ನೀರನ್ನು ಆ ಮನೆಯವರು ಒಳಗೆ ಬಿಟ್ಟುಕೊಂಡರೇ? ಚಿತ್ರ ಕಾಯುವುದಿಲ್ಲ, ಕರಡಿಯ ಜೊತೆ ಹಾಡುತ್ತ ಕಾಡಿಗೆ ಹಿಂತಿರುಗುತ್ತದೆ.