ಒಂದೇ ಗೋಡೆ, ಎರಡು ಸಲ: ಬೋರ್ಡ್ ಆ್ಯಂಡ್ ಬ್ಯಾಟನ್ ಗೋಡೆ ನೀವೇ ಮಾಡೋದು ಹೇಗೆ?

(ಪಾಡ್‌ಕಾಸ್ಟ್ ಸಂಚಿಕೆಯ ಬರಹ ರೂಪ. ಓದಲು ಅನುಕೂಲವಾಗುವಂತೆ ಅಲ್ಲಲ್ಲಿ ತಿದ್ದಲಾಗಿದೆ.)

ಇವತ್ತಿನ ವಿಷಯ ಒಂದು ಗೋಡೆ. ನಾನೇ ಕೈಯಾರೆ ಮಾಡಿದ್ದು. ಸರಿಯಾಗಿ ಹೇಳ್ಬೇಕಂದ್ರೆ ಎರಡು ಸಲ ಮಾಡಿದ್ದು. ಮೊದಲನೇ ಸಲ ಮಾಡಿದ್ದನ್ನ ಮೂರೇ ತಿಂಗಳಿಗೆ ನಾನೇ ಕಿತ್ತು ಹಾಕಿದೆ. ಯಾಕೆ ಅಂತ ಮೊದಲು ಹೇಳ್ತೀನಿ, ಆಮೇಲೆ ಹೇಗೆ ಅಂತ.

ರೀಲ್ಸ್‌ನಲ್ಲಿ ನೀವೂ ನೋಡಿರ್ತೀರಿ. ಸಾದಾ ಗೋಡೆ. ಅದರ ಮೇಲೆ ಉದ್ದುದ್ದ ಮರದ ಪಟ್ಟಿಗಳು, ಮೇಲೊಂದು ಕೆಳಗೊಂದು ಅಡ್ಡಪಟ್ಟಿ. ಎಲ್ಲಕ್ಕೂ ಒಂದೇ ಬಣ್ಣ. ಮೂವತ್ತು ಸೆಕೆಂಡಲ್ಲಿ ರೂಮಿನ ಕಳೆಯೇ ಬದಲಾಗುತ್ತೆ. ಇದಕ್ಕೆ ಬೋರ್ಡ್ ಆ್ಯಂಡ್ ಬ್ಯಾಟನ್ ಅಂತಾರೆ. ಊರಿಂದ ಅಮ್ಮ ನಮ್ಮ ಜೊತೆ ಇರೋಕೆ ಬೆಂಗಳೂರಿಗೆ ಬರೋರಿದ್ರು. ಅವರ ರೂಮಿಗೆ ಏನಾದ್ರೂ ಚೆಂದ ಮಾಡೋಣ ಅನ್ನಿಸ್ತು. ಫ್ಲ್ಯಾಟಿನ ಸಾಲದ ಕಂತು ಕಟ್ಟಿ ಉಳಿದ ದುಡ್ಡಲ್ಲಿ ಇಂಟೀರಿಯರ್‌ನವರನ್ನ ಕರೆಯೋ ಹಾಗಿರಲಿಲ್ಲ. ಸರಿ, ನಾನೇ ಮಾಡ್ತೀನಿ ಅಂದೆ.

ಜುಲೈನಲ್ಲಿ ಮಾಡಿದೆ. ಅಮ್ಮ ಬಂದ್ರು, ನೋಡಿ ಖುಷಿಪಟ್ರು. ಆಗಸ್ಟ್ ಕೊನೆಗೆ ಅವರ ಕೆಮ್ಮು ಶುರುವಾಯ್ತು. ಅಮ್ಮನಿಗೆ ಮೊದಲಿಂದಲೂ ಅಸ್ತಮಾ ಇದೆ. ಧೂಳು, ಹವೆ ಅಂತ ನಾವು ಅಂದ್ಕೊಂಡ್ವಿ. ಡಾಕ್ಟರ್ ಕೇಳಿದ್ದು ಒಂದೇ ಪ್ರಶ್ನೆ: "ಮಲಗೋ ರೂಮಲ್ಲಿ ತೇವ ಇದೆಯಾ?" ಮನೆಗೆ ಬಂದು ನೋಡಿದ್ರೆ ಪಟ್ಟಿಯ ತುದಿ ನೆನೆದ ಬಿಸ್ಕತ್ತಿನ ಹಾಗೆ ಊದಿಕೊಂಡಿತ್ತು. ಒಂದನ್ನ ಮೀಟಿ ತೆಗೆದೆ. ಹಿಂದೆ ಕಪ್ಪು ಬೂಷ್ಟು. ಆ ಗೋಡೆಯ ಆಚೆ ಬದಿ ಬಾತ್‌ರೂಮ್. ಟೈಲ್ಸ್ ಸಂದಿಯ ಗ್ರೌಟ್ ಕಿತ್ತುಹೋಗಿ ನೀರು ಒಳಗೊಳಗೇ ಇಳೀತಿತ್ತು. ನಾನು ಅದರ ಮೇಲೆ ಚೆಂದದ ಮುಚ್ಚಳ ಹಾಕಿ, ಅಮ್ಮನ ತಲೆದಿಂಬಿನ ಹತ್ತಿರವೇ ಬೂಷ್ಟು ಸಾಕಿದ್ದೆ.

ಇದು ಬಂದಿದ್ದೆಲ್ಲಿಂದ?

ತಮಾಷೆ ಏನಂದ್ರೆ, ಬೋರ್ಡ್ ಆ್ಯಂಡ್ ಬ್ಯಾಟನ್ ಹುಟ್ಟಿದ್ದೇ ನೀರನ್ನ ಹೊರಗಿಡೋಕೆ. ಅಮೆರಿಕದ ಕೊಟ್ಟಿಗೆಗಳು, ಮರದ ಮನೆಗಳ ಹೊರಗೋಡೆಯಲ್ಲಿ ಅಗಲವಾದ ಹಲಗೆಗಳನ್ನ ನೆಟ್ಟಗೆ ನಿಲ್ಲಿಸಿ ಹೊಡೀತಿದ್ರು. ಅದು ಬೋರ್ಡ್. ಎರಡು ಹಲಗೆಯ ನಡುವಿನ ಸಂದಿ ಮುಚ್ಚೋಕೆ ಮೇಲೊಂದು ಸಣ್ಣ ಪಟ್ಟಿ. ಅದು ಬ್ಯಾಟನ್. ಮರ ಮಳೆಗೆ ಹಿಗ್ಗುತ್ತೆ, ಬಿಸಿಲಿಗೆ ಕುಗ್ಗುತ್ತೆ. ಸಂದಿ ದೊಡ್ಡದಾದ್ರೂ ಪಟ್ಟಿ ಇರೋದ್ರಿಂದ ನೀರು ಒಳಗೆ ಬರಲ್ಲ. ಆ್ಯಂಡ್ರ್ಯೂ ಜಾಕ್ಸನ್ ಡೌನಿಂಗ್ ಅನ್ನೋ ಅಮೆರಿಕನ್ ಲೇಖಕ 1850ರಲ್ಲಿ ಹಳ್ಳಿಮನೆಗಳ ವಾಸ್ತುಶಿಲ್ಪದ ಬಗ್ಗೆ ಬರೆದ ಪುಸ್ತಕದಲ್ಲಿ ಇದನ್ನ ಮೆಚ್ಚಿಕೊಂಡ. ಆ ಕಾಲದಲ್ಲಿ ಇದು ಜನಪ್ರಿಯ ಆಗೋದಕ್ಕೆ ಅದೂ ಒಂದು ಕಾರಣ.

ಇದನ್ನ ಅಮ್ಮನಿಗೆ ಹೇಳಿದಾಗ, "ನಮ್ಮೂರಲ್ಲಿ ಮಳೆಗಾಲಕ್ಕೆ ಗೋಡೆಗೆ ಸೋಗೆ ತಟ್ಟಿ ಕಟ್ತಿದ್ವಲ್ಲ, ಅದೇ ತಾನೇ" ಅಂದ್ರು. ಹೌದು, ಮಲೆನಾಡಲ್ಲಿ ಇರಿಚಲು ಹೊಡೀದ ಹಾಗೆ ಕಟ್ಟೋ ತಟ್ಟಿ. ಕೆಲಸ ಅದೇ. ಈಗ ಮನೆಯೊಳಗೆ ನಾವು ಮಾಡೋದು ಬರೀ ಅದರ ನೋಟ. ನಯವಾದ ಗೋಡೆಯೇ ಹಲಗೆ, ಅದರ ಮೇಲೆ ಪಟ್ಟಿ ಮಾತ್ರ ನಿಜ.

ಮೊದಲ ಕೆಲಸ: ಗೋಡೆ ಒಣಗಿದೆಯಾ?

ಇದನ್ನ ಬಿಟ್ಟು ಮುಂದೆ ಹೋಗಲೇಬೇಡಿ. ಪೇಂಟ್ ಗುಳ್ಳೆ ಎದ್ದಿದೆಯಾ? ಉಪ್ಪಿನ ಥರ ಬಿಳಿ ಪುಡಿ ಬರ್ತಿದೆಯಾ? ಆಚೆ ಬದಿ ಬಾತ್‌ರೂಮ್ ಅಥವಾ ಮಳೆ ಬಡಿಯೋ ಹೊರಗೋಡೆಯಾ? ಅನುಮಾನ ಇದ್ರೆ ಒಂದಡಿ ಉದ್ದ, ಒಂದಡಿ ಅಗಲದ ಪ್ಲಾಸ್ಟಿಕ್ ಹಾಳೆ ತಗೊಳ್ಳಿ. ನಾಲ್ಕೂ ಅಂಚಿಗೆ ಟೇಪ್ ಹಾಕಿ ಗಾಳಿಯಾಡದ ಹಾಗೆ ಗೋಡೆಗೆ ಅಂಟಿಸಿ, ಎರಡು ದಿನ ಬಿಡಿ. ಹಾಳೆಯ ಒಳಬದಿಯಲ್ಲಿ, ಅಂದ್ರೆ ಗೋಡೆ ಕಡೆ ಹನಿ ಕೂತಿದ್ರೆ ತೇವ ಗೋಡೆಯಿಂದ ಬರ್ತಿದೆ. ಹೊರಬದಿಯಲ್ಲಿ ಕೂತಿದ್ರೆ ಅದು ರೂಮಿನ ಗಾಳಿಯ ತೇವ.

ಗೋಡೆಯಿಂದ ಬರ್ತಿದ್ರೆ ಮೊದಲು ಸೋರಿಕೆ ನಿಲ್ಲಿಸಿ. ನಾನು ಬಾತ್‌ರೂಮ್‌ನ ಗ್ರೌಟ್ ಹೊಸದಾಗಿ ತುಂಬಿಸಿದೆ, ಈಚೆ ಬದಿಯ ಪೊಳ್ಳು ಪುಟ್ಟಿಯನ್ನೆಲ್ಲ ಕೆರೆದು ತೆಗೆಸಿದೆ, ಗೋಡೆ ಒಣಗೋಕೆ ಬಿಟ್ಟೆ. ಅಷ್ಟು ದಿನ ಅಮ್ಮ ಬೇರೆ ರೂಮಲ್ಲಿ ಮಲಗಿದ್ರು. ಪ್ಲಾಸ್ಟಿಕ್ ಪರೀಕ್ಷೆಯಲ್ಲಿ ಹನಿ ನಿಂತಿದ್ದು ಜನವರಿಯಲ್ಲಿ. ಎರಡನೇ ಸಲದ ಕೆಲಸ ಶುರುವಾಗಿದ್ದು ಆಮೇಲೆ.

ಅಮೆರಿಕದ ವಿಡಿಯೋ, ನಮ್ಮ ಗೋಡೆ

ವಿಡಿಯೋದಲ್ಲಿ ಅವರು ನೇಲ್ ಗನ್ ಹಿಡಿದು ಟಕ್ ಟಕ್ ಅಂತ ಹೊಡ್ಕೊಂಡು ಹೋಗ್ತಾರೆ. ಅವರ ಗೋಡೆ ಅಂದ್ರೆ ಮರದ ಚೌಕಟ್ಟಿನ ಮೇಲೆ ಜಿಪ್ಸಮ್ ಹಲಗೆ. ನಮ್ಮದು ಇಟ್ಟಿಗೆ ಅಥವಾ ಬ್ಲಾಕ್, ಮೇಲೆ ಸಿಮೆಂಟ್ ಗಾರೆ, ಅದರ ಮೇಲೆ ಪುಟ್ಟಿ, ಪ್ರೈಮರ್, ಪೇಂಟ್. ಆ ಸಣ್ಣ ಮೊಳೆ ಇಲ್ಲಿ ಬಾಗುತ್ತೆ ಅಷ್ಟೇ. ನಮಗೆ ಬೇಕಾಗಿರೋದು ಅಂಟು, ಜೊತೆಗೆ ಗಿಟ್ಟಿ ಮತ್ತು ಸ್ಕ್ರೂ.

ಅಂಟು ಅಂದ್ರೆ ಬಾಟಲಿಯ ಬಿಳಿ ಮರದ ಗೋಂದಲ್ಲ. ಅದು ಪೇಂಟ್ ಮಾಡಿದ ಗೋಡೆಯನ್ನ ಹಿಡಿಯಲ್ಲ. ಗನ್‌ನಲ್ಲಿ ಒತ್ತಿ ಹಚ್ಚೋ ಕನ್‌ಸ್ಟ್ರಕ್ಷನ್ ಅಡ್ಹೆಸಿವ್ ಕೇಳಿ. ಅದನ್ನೂ ನೇರ ಪೇಂಟ್ ಮೇಲೆ ಹಚ್ಚಿದ್ರೆ, ಅಂಟು ಗಟ್ಟಿಯಾಗಿಯೇ ಇರುತ್ತೆ, ಪೇಂಟೇ ಪುಟ್ಟಿ ಸಮೇತ ಕಿತ್ತು ಬರುತ್ತೆ. ಹಾಗಾಗಿ ಪಟ್ಟಿ ಕೂರೋ ಜಾಗದಲ್ಲಿ ಮಾತ್ರ ಪೇಂಟ್ ಕೆರೆದು ಒರಟು ಮಾಡಿ, ಧೂಳು ಒರೆಸಿ.

ಪಟ್ಟಿಗೆ ಯಾವ ಹಲಗೆ? ಮೊದಲ ಸಲ ನಾನು ಹಾಕಿದ್ದು ಮಾಮೂಲಿ ಎಂಡಿಎಫ್. ನೀರು ಕುಡಿದ್ರೆ ಅದು ಊದುತ್ತೆ, ವಾಪಸ್ ಮೊದಲಿನ ಹಾಗೆ ಆಗಲ್ಲ. ಎರಡನೇ ಸಲ ತಂದಿದ್ದು 12 ಮಿ.ಮೀ. ಎಚ್‌ಡಿಎಚ್‌ಎಂಆರ್. ತೇವ ಸ್ವಲ್ಪ ತಡೆಯುತ್ತೆ. ಹಾಗಂತ ಸೋರೋ ಗೋಡೆಗೆ ಅದೇ ಮದ್ದು ಅಂದ್ಕೋಬೇಡಿ.

ಲೆಕ್ಕ: ಪೆನ್ನು, ಪೇಪರ್ ತಗೊಳ್ಳಿ

ನನ್ನ ಗೋಡೆ 10 ಅಡಿ, ಅಂದ್ರೆ 3050 ಮಿ.ಮೀ. ಪಟ್ಟಿಯ ಅಗಲ 65 ಮಿ.ಮೀ. ಎರಡೂ ಮೂಲೆಯದು ಸೇರಿ ಏಳು ಪಟ್ಟಿ. ಸೂತ್ರ ಸುಲಭ: ಗೋಡೆಯ ಅಗಲದಿಂದ ಎಲ್ಲ ಪಟ್ಟಿಗಳ ಅಗಲ ಕಳೀರಿ, ಉಳಿದಿದ್ದನ್ನ ಪಟ್ಟಿಗಳ ಸಂಖ್ಯೆಗಿಂತ ಒಂದು ಕಡಿಮೆ ಸಂಖ್ಯೆಯಿಂದ ಭಾಗಿಸಿ. 3050ರಲ್ಲಿ 455 ಹೋದ್ರೆ 2595. ಅದನ್ನ ಆರರಿಂದ ಭಾಗಿಸಿದ್ರೆ 432.5. ಪಟ್ಟಿ ಪಟ್ಟಿಯ ನಡುವೆ ಅಷ್ಟು ಜಾಗ. ಮಾಸ್ಕಿಂಗ್ ಟೇಪನ್ನ ಗೋಡೆಗೆ ಹಚ್ಚಿ ಒಂದು ದಿನ ನೋಡಿ. ಸ್ವಿಚ್‌ಬೋರ್ಡ್ ಮೇಲೆ ಪಟ್ಟಿ ಬರ್ತಿದ್ರೆ ಸಂಖ್ಯೆ ಬದಲಿಸಿ.

ಎತ್ತರದಲ್ಲಿ ದುಡ್ಡು ಉಳಿಸಬಹುದು. ನಾನು ನೆಲದಿಂದ 1500 ಮಿ.ಮೀ. ಅಂದ್ಕೊಂಡಿದ್ದೆ. 100 ಮಿ.ಮೀ. ಟೈಲ್ಸ್ ಸ್ಕರ್ಟಿಂಗ್, ಮೇಲೆ ಕೆಳಗೆ ಎರಡು ಅಡ್ಡಪಟ್ಟಿ ಕಳೆದ್ರೆ ನೆಟ್ಟಗಿನ ಪಟ್ಟಿ 1270 ಬರುತ್ತೆ. ಎಂಟಡಿ ಹಲಗೆಯ ಉದ್ದ 2440. ಒಂದಕ್ಕೆ ಒಂದೇ ತುಂಡು, ಮಿಕ್ಕಿದ್ದು ದಂಡ. ಎತ್ತರ 1350ಕ್ಕೆ ಇಳಿಸಿದ್ರೆ ತುಂಡು 1120 ಆಗುತ್ತೆ, ಒಂದರಲ್ಲಿ ಎರಡು ಸಿಗುತ್ತೆ. ಹತ್ತು ಪಟ್ಟಿ ಬೇಕಾದ ಕಡೆ ಏಳು ಸಾಕಾಯ್ತು. ಮಂಚದ ಹಿಂದೆ ಆ ಎತ್ತರವೇ ಚೆನ್ನಾಗಿ ಕಾಣುತ್ತೆ ಕೂಡ.

ಇನ್ನೊಂದು. 1220 ಮಿ.ಮೀ. ಅಗಲದ ಶೀಟ್‌ನಲ್ಲಿ 65ರ ಪಟ್ಟಿ 18 ಸಿಗುತ್ತೆ ಅಂತ ಲೆಕ್ಕ ಹಾಕಿದ್ರೆ ಕೆಟ್ಟಿರಿ. ಗರಗಸ ಪ್ರತಿ ಸಲ ಸುಮಾರು 3 ಮಿ.ಮೀ. ತಿನ್ನುತ್ತೆ. 18ನೇ ಪಟ್ಟಿಗೆ ಸರಿಯಾಗಿ 1 ಮಿ.ಮೀ. ಸಾಲಲ್ಲ. 17 ಅಂತಲೇ ಹಿಡೀರಿ. ಸಾಧ್ಯವಾದ್ರೆ ಅಂಗಡಿಯಲ್ಲೇ ಕೊಯ್ಸಿ ತನ್ನಿ. ಆ ಧೂಳಲ್ಲಿ ನುಣುಪಾದ ಮರದ ಪುಡಿ ಜೊತೆ ಅಂಟಿನ ರಾಳವೂ ಇರುತ್ತೆ. ಮನೆಯಲ್ಲಿ ಕೊಯ್ಯೋದಾದ್ರೆ ಬಾಲ್ಕನಿಯಲ್ಲಿ, ಎನ್95 ಮಾಸ್ಕ್ ಹಾಕಿ. ಉಸಿರಿನ ತೊಂದರೆ ಇರೋರನ್ನ ಅವತ್ತು ನೆಂಟರ ಮನೆಗೆ ಕಳಿಸಿ. ನಾನು ಅಮ್ಮನನ್ನ ಚಿಕ್ಕಮ್ಮನ ಮನೆಗೆ ಕಳಿಸಿದ್ದೆ.

ಕೂರಿಸೋ ಕ್ರಮ

ಮೊದಲು ಕೆಳಗಿನ ಅಡ್ಡಪಟ್ಟಿ, ಸ್ಕರ್ಟಿಂಗ್ ಮೇಲೆ. ಆಮೇಲೆ ಮೇಲಿನದು. ನೆಲವನ್ನ ನಂಬಬೇಡಿ, ರಸಮಟ್ಟವನ್ನ ನಂಬಿ. ಲೇಸರ್ ಇಲ್ಲದಿದ್ರೆ ಗಾರೆ ಕೆಲಸದವರ ಹಾಗೆ ಪಾರದರ್ಶಕ ಪೈಪಿಗೆ ನೀರು ತುಂಬಿ ಎರಡೂ ತುದಿಯ ಮಟ್ಟ ಗುರುತು ಮಾಡಿ. ಅಡ್ಡಪಟ್ಟಿಯಲ್ಲಿ ಜೋಡಣೆ ಬಂದೇ ಬರುತ್ತೆ. ಅದು ಖಾಲಿ ಜಾಗದಲ್ಲಿ ಬರಬಾರದು. ಒಂದು ನೆಟ್ಟಗಿನ ಪಟ್ಟಿಯ ನೆತ್ತಿಗೆ ಸರಿಯಾಗಿ ಬರೋ ಹಾಗೆ ಕತ್ತರಿಸಿದ್ರೆ ಕಣ್ಣಿಗೆ ಬೀಳಲ್ಲ. ನೆಟ್ಟಗಿನ ಪಟ್ಟಿಗಳನ್ನ ಎಲ್ಲಾ ಒಂದೇ ಅಳತೆಗೆ ಒಟ್ಟಿಗೆ ಕತ್ತರಿಸಬೇಡಿ. ಪ್ರತಿ ಜಾಗವನ್ನೂ ಬೇರೆಬೇರೆ ಅಳೀರಿ. ನನ್ನ ಗೋಡೆಯಲ್ಲಿ ಒಂದು ತುದಿಗೂ ಇನ್ನೊಂದು ತುದಿಗೂ ನಾಲ್ಕು ಮಿ.ಮೀ. ವ್ಯತ್ಯಾಸ ಇತ್ತು.

ಡ್ರಿಲ್ ಮಾಡೋ ಮುಂಚೆ ಒಂದು ನಿಮಿಷ ನಿಲ್ಲಿ. ಗೋಡೆಯೊಳಗೆ ವೈರ್ ಪೈಪ್ ಇರುತ್ತೆ. ಸಾಮಾನ್ಯವಾಗಿ ಸ್ವಿಚ್‌ಬೋರ್ಡ್‌ನಿಂದ ನೇರ ಮೇಲಕ್ಕೆ, ಕೆಲವು ಕಡೆ ಕೆಳಕ್ಕೆ ಅಥವಾ ಅಡ್ಡಕ್ಕೆ. ಆ ಗೆರೆಗಳಲ್ಲಿ ತೂತು ಬೇಡವೇ ಬೇಡ, ಅಲ್ಲಿ ಅಂಟು ಮಾತ್ರ. ಬಾತ್‌ರೂಮ್ ಗೋಡೆಯಾದ್ರೆ ನೀರಿನ ಪೈಪ್ ಎಲ್ಲಿದೆ ಅಂತಲೂ ತಿಳ್ಕೊಳ್ಳಿ. ಆ ರೂಮಿನ ಎಂಸಿಬಿ ಇಳಿಸಿ, ಡ್ರಿಲ್ಲಿಗೆ ಬೇರೆ ಸರ್ಕ್ಯೂಟಿಂದ ಕರೆಂಟ್ ತಗೊಳ್ಳಿ.

ಪಟ್ಟಿಗೆ ಮೊದಲೇ ತೂತು ಮಾಡಿಟ್ಕೊಳ್ಳಿ, ತುದಿಯಿಂದ ಎರಡಿಂಚು ಒಳಗೆ, ಇಲ್ಲದಿದ್ರೆ ಸೀಳುತ್ತೆ. ಸ್ಕ್ರೂ ತಲೆ ಮುಳುಗೋಕೆ ಬಾಯಿ ಸ್ವಲ್ಪ ಅಗಲ ಮಾಡಿ. ಗೋಡೆಯಲ್ಲಿ 6 ಮಿ.ಮೀ. ಬಿಟ್, 40 ಮಿ.ಮೀ. ಆಳ. ಆಳ ಗೊತ್ತಾಗೋಕೆ ಬಿಟ್‌ಗೆ ಟೇಪ್ ಸುತ್ತಿ. ಗಿಟ್ಟಿ ಹೊಡೀರಿ, ಪಟ್ಟಿ ಹಿಂದೆ ಅಂಟನ್ನ ಹಾವಿನ ನಡಿಗೆಯಲ್ಲಿ ಹಚ್ಚಿ, ಒತ್ತಿ, 50 ಮಿ.ಮೀ. ಸ್ಕ್ರೂ ಬಿಗೀರಿ. ಹಗುರ ಬ್ಲಾಕಿನ ಗೋಡೆಯಾದ್ರೆ ಹ್ಯಾಮರ್ ಮೋಡ್ ಬೇಡ, ಅದಕ್ಕೆಂದೇ ಇರೋ ಗಿಟ್ಟಿ ಸಿಗುತ್ತೆ.

ಚೆಂದ ಕಾಣೋದು ಕೊನೆಯ ದಿನದಲ್ಲಿ

ಸ್ಕ್ರೂ ತೂತಿಗೆ ಫಿಲ್ಲರ್ ತುಂಬಿ, ಒಣಗಿದ ಮೇಲೆ 180 ನಂಬರ್ ಉಪ್ಪುಕಾಗದದಲ್ಲಿ ತಿಕ್ಕಿ. ಗೋಡೆ ಉಬ್ಬುತಗ್ಗು ಇರೋದ್ರಿಂದ ಪಟ್ಟಿ ಹಿಂದೆ ಸಣ್ಣ ಬಿರುಕು ಕಾಣುತ್ತೆ. ಅದಕ್ಕೆ ಅಕ್ರಿಲಿಕ್ ಸೀಲೆಂಟ್. ಸಿಲಿಕೋನ್ ಕೊಟ್ರೆ ವಾಪಸ್ ಮಾಡಿ, ಅದರ ಮೇಲೆ ಪೇಂಟ್ ನಿಲ್ಲಲ್ಲ. ಕೊಯ್ದ ಅಂಚುಗಳು ಪೇಂಟನ್ನ ಹೀರ್ಕೊಳ್ಳುತ್ತೆ, ಹಾಗಾಗಿ ಅಂಚಿಗೆ ಪ್ರೈಮರ್ ಎರಡು ಸಲ. ಆಮೇಲೆ ಗೋಡೆಗೂ ಪಟ್ಟಿಗೂ ಒಂದೇ ಬಣ್ಣ, ಎರಡು ಕೋಟ್. ಒಂದೇ ಬಣ್ಣ ಇದ್ರೇನೇ ಅದು ಹಲಗೆಯ ಗೋಡೆ ಥರ ಕಾಣೋದು.

ಬಾಡಿಗೆ ಮನೆಯಲ್ಲಿ ಇರೋರಿಗೆ: ಓನರ್ ಒಪ್ಪಿಗೆ ಇಲ್ಲದೆ ಗೋಡೆಗೆ ಅಂಟು ಹಚ್ಚಬೇಡಿ, ಅಡ್ವಾನ್ಸ್‌ನಲ್ಲಿ ಮುರ್ಕೊಳ್ತಾರೆ. 6 ಮಿ.ಮೀ. ಪ್ಲೈವುಡ್ ಮೇಲೆ ಪಟ್ಟಿ ಹೊಡೆದು ಪೇಂಟ್ ಮಾಡಿ, ಮಂಚದ ಹಿಂದೆ ನಿಲ್ಲಿಸಿ. ಬೀಳದ ಹಾಗೆ ಮೇಲೆ ಎರಡು ಸ್ಕ್ರೂ ಸಾಕು. ಮನೆ ಬಿಡುವಾಗ ಜೊತೆಗೇ ಬರುತ್ತೆ.

ಅಮ್ಮ ಈಗ ಆ ರೂಮಿಗೆ ವಾಪಸ್ ಬಂದಿದ್ದಾರೆ. ಅಸ್ತಮಾ ಹೋಗಿಲ್ಲ, ಅದು ಹೋಗೋದೂ ಅಲ್ಲ. ಆದ್ರೆ ರಾತ್ರಿ ಎದ್ದು ಕೂತು ಕೆಮ್ಮೋದು ಕಡಿಮೆಯಾಗಿದೆ. ಮಳೆ ಬಂದ ಮಾರನೇ ದಿನ ಅವರು ಪಟ್ಟಿಗಳ ನಡುವೆ ಅಂಗೈ ಇಟ್ಟು ನೋಡ್ತಾರೆ, "ಒಣಗಿದೆ ಕಣೋ" ಅಂತಾರೆ. ಆಮೇಲೆ ನಾನೂ ಒಂದ್ಸಲ ಮುಟ್ಟಿ ನೋಡ್ತೀನಿ.

ನೀವು ಶುರು ಮಾಡೋದಾದ್ರೆ ಈ ವಾರಾಂತ್ಯ ಪಟ್ಟಿ ತರೋಕೆ ಹೋಗಬೇಡಿ. ಒಂದಡಿ ಪ್ಲಾಸ್ಟಿಕ್ ಹಾಳೆ ಅಂಟಿಸಿ, ಸಾಕು.