ಕೊಲ್ಹಾಪುರದ ಬೀದಿಯಲ್ಲೊಂದು ಪಾಠ

ಕಳೆದ ಮಾಘದಲ್ಲಿ ಗಡಹಿಂಗ್ಲಜ ತಾಲೂಕಿನ ನಮ್ಮ ಶಾಲೆಯ ಏಳನೆಯ ತರಗತಿಯ ಮಕ್ಕಳೊಡನೆ ಕೊಲ್ಹಾಪುರದ ಬೀದಿಗಳನ್ನು ಕಾಲ್ನಡಿಗೆಯಲ್ಲಿ ಸುತ್ತಿದೆವು. ಅಲ್ಲಿಯ ತಿನಿಸುಗಳ ಮೂಲಕ ಊರಿನ ಪರಿಚಯ ಮಾಡಿಕೊಡುವುದೇ ನಮ್ಮ ಉದ್ದೇಶವಾಗಿತ್ತು.

ಮಹಾಲಕ್ಷ್ಮಿಯ ದರ್ಶನವಾದ ಬಳಿಕ ಮಿಸಳ ತಿಂದೆವು. ಮೊಳಕೆಯೊಡೆದ ಮಟಕಿ, ಮೇಲೆ ಫರಸಾಣ, ಅದರ ಮೇಲೆ ಖಾರವಾದ ಕೆಂಪು ‘ಕಟ್’, ಜೊತೆಗೆ ಬ್ರೆಡ್ಡು. ‘ಕಟ್’ ಎಂದೊಡನೆ ನಮಗೆ ಹೋಳಿಗೆಯ ದಿನದ ಕಟ್ಟಿನ ಸಾರು ನೆನಪಾಯಿತು. “ಇವು ನಮ್ಮ ಮಡಿಕೆಕಾಳಲ್ಲೇನ್ರಿ, ಸರ?” ಎಂದು ಬಾಲಕಿಯೊಬ್ಬಳು ಪಿಸುಗುಟ್ಟಿದಳು. ಪೇಟೆಯಲ್ಲಿ ಕನ್ನಡವಾಡಲು ಅವಳಿಗೆ ಸಂಕೋಚ. ಅದು ನಮ್ಮ ಮನಸ್ಸನ್ನು ಚುಚ್ಚಿತು.

ಶಾಹೂ ಮಹಾರಾಜರ ಕಾಲದಲ್ಲಿ, 1912ರಲ್ಲಿ ಸಿದ್ಧವಾದ ಖಾಸಬಾಗ ಕುಸ್ತಿ ಮೈದಾನದ ಬಳಿ ಭೇಳ ಕೊಂಡೆವು. ಅಂಗಡಿಯವರ ‘ಚಿರಮುರೆ’ ನಮ್ಮ ಚುರುಮುರಿಯೇ ಎಂದು ಮಕ್ಕಳೇ ಕಂಡುಹಿಡಿದರು.

ಸಂಜೆ ಗಂಗಾವೇಶದ ಹಾಲಿನ ಕಟ್ಟೆಗೆ ಹೋದೆವು. ಅಲ್ಲಿ ಗಿರಾಕಿಯ ಎದುರಿಗೇ ಎಮ್ಮೆ ಹಿಂಡಿ ನೊರೆಹಾಲು ಕೊಡುವರು. ಪೈಲವಾನರ ಊರಿಗೆ ಒಪ್ಪುವ ರೂಢಿ. ಮಕ್ಕಳ ಪಿಸುಮಾತು ಕಿವಿಗೆ ಬಿದ್ದು ವೃದ್ಧ ಗೌಳಿಯೊಬ್ಬರು, “ಯಾ ಊರವ್ವಾ ನಿಮ್ದು?” ಎಂದರು. ಬಾಲಕಿ ಬೆರಗಾದಳು, ಊರ ಹೆಸರು ಹೇಳಿ, “ಇನ್ನಷ್ಟು ನೊರಿ ಹಾಕ್ರಿ, ಅಜ್ಜಾ!” ಎಂದು ಗಟ್ಟಿಯಾಗಿಯೇ ಕೇಳಿದಳು.

ಇಚಲಕರಂಜಿ, ಗಡಹಿಂಗ್ಲಜದ ತಾಯ್ತಂದೆಯರೇ, ಪೇಟೆಗೆ ಹೋದಾಗ ಮಕ್ಕಳೊಡನೆ ಗಟ್ಟಿಯಾಗಿ ಕನ್ನಡವಾಡಿರಿ. ಕೇಳಿ ಹಿಗ್ಗುವವರು ಅಲ್ಲಿಯೂ ಇದ್ದಾರೆ.