ಮನೆಸಾಲದ ನಿಜವಾದ ಬೆಲೆ
ಗೋಕಾಕ, ಮೂಡಲಗಿ, ಹುಕ್ಕೇರಿ ತಾಲೂಕುಗಳ ಹಿಡುವಳಿದಾರರ ಮತ್ತು ಗ್ರಾಮಮುಖ್ಯರ ತಿಳಿವಳಿಕೆಗಾಗಿ

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂಬ ಗಾದೆಯನ್ನು ಕೇಳದವರು ಇಲ್ಲ. ಇವೆರಡರಲ್ಲಿ ಮದುವೆಯ ಖರ್ಚು ನಾಲ್ಕು ದಿನಗಳಲ್ಲಿ ಲೆಕ್ಕಕ್ಕೆ ಸಿಕ್ಕುತ್ತದೆ. ಮನೆಸಾಲದ ಖರ್ಚಾದರೋ ಹದಿನೈದು ಇಪ್ಪತ್ತು ವರ್ಷಗಳವರೆಗೆ ತಿಂಗಳು ತಿಂಗಳಾಗಿ ಹರಡಿಕೊಂಡಿರುವುದರಿಂದ ಒಟ್ಟಿನಲ್ಲಿ ಎಷ್ಟಾಯಿತೆಂಬುದು ಮನೆಯ ಯಜಮಾನನ ಕಣ್ಣಿಗೆ ಬೀಳುವುದೇ ಇಲ್ಲ.

2019ನೆಯ ಇಸವಿಯ ಆಗಸ್ಟ್ ತಿಂಗಳಲ್ಲಿ ಘಟಪ್ರಭೆಗೆ ಮಹಾಪೂರ ಬಂದಾಗ ನದೀತೀರದ ಗ್ರಾಮಗಳಲ್ಲಿಯೂ ಗೋಕಾಕ ಪಟ್ಟಣದಲ್ಲಿಯೂ ಮಣ್ಣಿನ ಗೋಡೆಯ ಹಳೆಯ ಮನೆಗಳು ಅನೇಕವಾಗಿ ಬಿದ್ದುಹೋದವು. ಅಂಥ ಮನೆಗಳಿರುವಲ್ಲಿ ಇಟ್ಟಿಗೆ ಸಿಮೆಂಟಿನ ಮನೆಯನ್ನು ಕಟ್ಟಿಕೊಳ್ಳಬೇಕೆನ್ನುವುದು ಯುಕ್ತವೇ ಸರಿ. ಅದಕ್ಕಾಗಿ ಸಾಲ ಮಾಡುವುದೂ ತಪ್ಪಲ್ಲ. ಆದರೆ ಸಾಲಕ್ಕೆ ಹೋದವನು ಸಾಮಾನ್ಯವಾಗಿ ಕೇಳುವ ಪ್ರಶ್ನೆ ಒಂದೇ: “ತಿಂಗಳಿಗೆ ಕಂತು ಎಷ್ಟು?” ಕೇಳತಕ್ಕ ಪ್ರಶ್ನೆ ಬೇರೆ: “ಎಷ್ಟು ವರ್ಷ, ಒಟ್ಟು ಎಷ್ಟು?” ಈ ಎರಡು ಪ್ರಶ್ನೆಗಳ ನಡುವಿನ ಅಂತರವು ಎಷ್ಟು ಲಕ್ಷ ರೂಪಾಯಿಗಳದೆಂಬುದನ್ನು ಕೆಳಗೆ ವಿವರಿಸಿದೆ.

1. ಹಿಂದಿನ ಅಡವು, ಇಂದಿನ ಅಡವು

ಹಿಂದೆ ಹೊಲವನ್ನು ಭೋಗ್ಯಕ್ಕೆ ಹಾಕುವ ರೂಢಿ ಇತ್ತು. ಸಾಲ ಕೊಟ್ಟವನು ಬಡ್ಡಿಯ ಬದಲಿಗೆ ಹೊಲದ ಫಸಲನ್ನು ತಾನೇ ಉಣ್ಣುತ್ತಿದ್ದನು. ಬಡ್ಡಿ ಎಷ್ಟೆಂಬುದು ಪ್ರತಿ ಸುಗ್ಗಿಯಲ್ಲಿಯೂ ರಾಶಿಯ ರೂಪದಲ್ಲಿ ಸಾಲಗಾರನ ಕಣ್ಣೆದುರಿಗೆ ಹೋಗುತ್ತಿತ್ತು. ಹಿಂದಿನ ಮುಂಬಯಿ ಇಲಾಖೆಗೆ ಸೇರಿದ್ದ ಈ ಪ್ರಾಂತದಲ್ಲಿ ದಾಮದುಪ್ಪಟ ಎಂಬ ನಿಯಮವೂ ಹಿಂದೂಗಳ ಸಾಲಗಳಿಗೆ ಅನ್ವಯಿಸುತ್ತಿತ್ತು. ಅದರಂತೆ ಒಂದೇ ಬಾರಿಗೆ ವಸೂಲು ಮಾಡುವ ಬಾಕಿ ಬಡ್ಡಿಯು ಅಸಲನ್ನು ಮೀರಬಾರದು. ಅಸಲಿಗಿಂತ ಬಡ್ಡಿ ದೊಡ್ಡದಾಯಿತೆಂದರೆ ಅದು ಮಿತಿ ಮೀರಿದ ಮಾತು ಎಂಬ ತಿಳಿವಳಿಕೆ ಹಿರಿಯರಲ್ಲಿ ಹೀಗೆ ನೆಲೆಸಿತ್ತು.

ಇಂದಿನ ಮನೆಸಾಲದಲ್ಲಿ ಮನೆ ಸಾಲಗಾರನ ಸ್ವಾಧೀನದಲ್ಲಿಯೇ ಇರುತ್ತದೆ. ಬಡ್ಡಿಯು ತಿಂಗಳು ತಿಂಗಳು ಸಂದಾಯವಾಗುವುದರಿಂದ ಬಾಕಿಯಾಗಿ ಬೆಳೆಯುವುದಿಲ್ಲ. ಇದು ಒಳ್ಳೆಯ ಏರ್ಪಾಡೇ ಆಗಿದೆ. ಆದರೆ ಇದೇ ಕಾರಣದಿಂದ ಕಟ್ಟಿದ ಬಡ್ಡಿಯ ಮೊತ್ತವು ಸದ್ದಿಲ್ಲದೆ ಅಸಲನ್ನು ದಾಟಿಹೋಗುತ್ತದೆ.

2. ಕಂತಿನ ಹಣ ಎಲ್ಲಿಗೆ ಹೋಗುತ್ತದೆ

10 ಲಕ್ಷ ರೂಪಾಯಿಗಳ ಸಾಲ, ವರ್ಷಕ್ಕೆ ಶೇಕಡಾ 9ರ ಬಡ್ಡಿ, 20 ವರ್ಷಗಳ ಮುದ್ದತು ಎಂದು ಭಾವಿಸೋಣ. ಆಗ ತಿಂಗಳ ಕಂತು 8,997 ರೂಪಾಯಿ. ಮೊದಲನೆಯ ತಿಂಗಳಲ್ಲಿ 10 ಲಕ್ಷದ ಮೇಲಿನ ಬಡ್ಡಿಯೇ 7,500 ರೂಪಾಯಿ ಆಗುತ್ತದೆ. ಉಳಿದ 1,497 ರೂಪಾಯಿ ಮಾತ್ರ ಅಸಲಿಗೆ ಸಲ್ಲುತ್ತದೆ. ಮುಂದಿನ ತಿಂಗಳು ಅಸಲು ತುಸು ತಗ್ಗಿರುವುದರಿಂದ ಬಡ್ಡಿಯೂ ತುಸು ತಗ್ಗಿ, ಅಸಲಿಗೆ ತುಸು ಹೆಚ್ಚು ಸಲ್ಲುತ್ತದೆ. ಈ ಏರಿಕೆ ಮೊದಲಲ್ಲಿ ಬಹಳ ನಿಧಾನ.

ಮೊದಲನೆಯ ವರ್ಷದಲ್ಲಿ ಕಟ್ಟಿದ್ದು ಸುಮಾರು 1,08,000. ಅಸಲು ತಗ್ಗಿದ್ದು ಸುಮಾರು 18,700 ಮಾತ್ರ.
ಐದು ವರ್ಷಗಳಲ್ಲಿ ಕಟ್ಟಿದ್ದು ಸುಮಾರು 5,40,000. ಉಳಿದ ಅಸಲು ಸುಮಾರು 8,87,000.
ಹತ್ತು ವರ್ಷಗಳಲ್ಲಿ ಕಟ್ಟಿದ್ದು ಸುಮಾರು 10,80,000. ಉಳಿದ ಅಸಲು ಸುಮಾರು 7,10,000.

ಹತ್ತು ವರ್ಷ ಒಂದು ಕಂತನ್ನೂ ತಪ್ಪಿಸದೆ, ತಂದ ಹಣಕ್ಕಿಂತ ಹೆಚ್ಚು ಹಣವನ್ನು ಕಟ್ಟಿದವನು ಇನ್ನೂ 7 ಲಕ್ಷಕ್ಕೂ ಮೇಲ್ಪಟ್ಟು ಸಾಲಗಾರನಾಗಿರುತ್ತಾನೆ. ಇದರಲ್ಲಿ ಯಾರ ಮೋಸವೂ ಇಲ್ಲ. ಬಡ್ಡಿಯ ಗಣಿತವೇ ಹಾಗೆ. ಅರ್ಧ ಅಸಲು ತೀರಬೇಕಾದರೆ 14 ವರ್ಷ ಕಳೆಯಬೇಕು.

3. ಮುದ್ದತು ಬೆಳೆದಂತೆ ಬೆಲೆ ಬೆಳೆಯುವುದು

ಅದೇ 10 ಲಕ್ಷಕ್ಕೆ, ಅದೇ ಶೇಕಡಾ 9ರ ದರದಲ್ಲಿ, ಮುದ್ದತನ್ನು ಮಾತ್ರ ಬದಲಿಸಿದರೆ ಲೆಕ್ಕ ಹೀಗಾಗುತ್ತದೆ:

10 ವರ್ಷ — ಕಂತು 12,668. ಒಟ್ಟು ಬಡ್ಡಿ ಸುಮಾರು 5,20,000.
15 ವರ್ಷ — ಕಂತು 10,143. ಒಟ್ಟು ಬಡ್ಡಿ ಸುಮಾರು 8,26,000.
20 ವರ್ಷ — ಕಂತು 8,997. ಒಟ್ಟು ಬಡ್ಡಿ ಸುಮಾರು 11,59,000.
30 ವರ್ಷ — ಕಂತು 8,046. ಒಟ್ಟು ಬಡ್ಡಿ ಸುಮಾರು 18,97,000.

ಇಪ್ಪತ್ತರಿಂದ ಮೂವತ್ತು ವರ್ಷಕ್ಕೆ ಹೋದವನಿಗೆ ತಿಂಗಳಿಗೆ ಉಳಿಯುವುದು 951 ರೂಪಾಯಿ. ಆ ಉಳಿತಾಯಕ್ಕಾಗಿ ಅವನು ತೆರುವ ಹೆಚ್ಚಿನ ಬಡ್ಡಿ 7 ಲಕ್ಷ 37 ಸಾವಿರ. ಇಪ್ಪತ್ತರಿಂದ ಹದಿನೈದಕ್ಕೆ ಇಳಿದವನು ತಿಂಗಳಿಗೆ 1,146 ರೂಪಾಯಿ ಹೆಚ್ಚು ಕಟ್ಟಿ, 3 ಲಕ್ಷ 33 ಸಾವಿರ ರೂಪಾಯಿ ಉಳಿಸುತ್ತಾನೆ.

2025ರ ನವೆಂಬರಿನಲ್ಲಿ ಮೂಡಲಗಿ ತಾಲೂಕಿನ ಗುರ್ಲಾಪುರದಲ್ಲಿ ಕಬ್ಬಿನ ಬೆಳೆಗಾರರು ಟನ್ನಿಗೆ 3,500 ರೂಪಾಯಿ ದರ ಬೇಕೆಂದು ದಿನಗಟ್ಟಲೆ ಧರಣಿ ಕುಳಿತದ್ದು ಎಲ್ಲರಿಗೂ ತಿಳಿದಿದೆ. ಟನ್ನಿಗೆ ನೂರು ರೂಪಾಯಿ ಹೆಚ್ಚಾದರೆ, ವರ್ಷಕ್ಕೆ ನೂರು ಟನ್ನು ಕಬ್ಬು ಕಳಿಸುವವನಿಗೆ 10,000 ರೂಪಾಯಿ ಬರುತ್ತದೆ. ಆ ಲೆಕ್ಕದಲ್ಲಿ ಮೇಲೆ ಹೇಳಿದ ಐದು ವರ್ಷಗಳ ವ್ಯತ್ಯಾಸವು ಮೂವತ್ಮೂರು ವರ್ಷಗಳ ಹೋರಾಟದ ಫಲಕ್ಕೆ ಸಮನಾಗಿದೆ. ಕಬ್ಬಿನ ದರಕ್ಕೆ ರಸ್ತೆಯಲ್ಲಿ ಕುಳಿತುಕೊಳ್ಳುವ ರೈತನು ಸಾಲದ ಮುದ್ದತಿನ ಬಗ್ಗೆ ಮಾತೇ ಆಡದೆ ಸಹಿ ಮಾಡುವುದು ಸರಿಯಲ್ಲ.

4. ಬದಲಾಗುವ ಬಡ್ಡಿ

ಮನೆಸಾಲಗಳಲ್ಲಿ ಬಹುಪಾಲು ಬದಲಾಗುವ ಬಡ್ಡಿಯವು. ಭಾರತೀಯ ರಿಸರ್ವ್ ಬ್ಯಾಂಕಿನ ರೆಪೊ ದರ ಏರಿದರೆ ಸಾಲದ ಬಡ್ಡಿಯೂ ಏರುತ್ತದೆ. 2022ರ ಏಪ್ರಿಲಿನಲ್ಲಿ ಶೇಕಡಾ 4 ಇದ್ದ ರೆಪೊ ದರವು 2023ರ ಫೆಬ್ರವರಿಗೆ ಶೇಕಡಾ 6.50ಕ್ಕೆ ಏರಿತು, 2025ರಲ್ಲಿ ಮತ್ತೆ ಇಳಿಯತೊಡಗಿತು. ಬಡ್ಡಿ ಏರಿದಾಗ ಕಂತನ್ನು ಹಾಗೆಯೇ ಇಟ್ಟು ಮುದ್ದತನ್ನು ಬೆಳೆಸುವ ಪದ್ಧತಿ ಇರುವುದರಿಂದ ಸಾಲಗಾರನಿಗೆ ಏನೂ ಆಗದಂತೆ ತೋರುತ್ತದೆ. ಶೇಕಡಾ 7ರಂತೆ 10 ಲಕ್ಷವನ್ನು 20 ವರ್ಷಕ್ಕೆ ಪಡೆದವನ ಕಂತು 7,753. ಪ್ರಾರಂಭದಲ್ಲಿಯೇ ದರ ಶೇಕಡಾ 9ಕ್ಕೆ ಏರಿ, ಕಂತು ಅಷ್ಟೇ ಉಳಿದರೆ, ಆ ಸಾಲ ತೀರಲು 38 ವರ್ಷ ಬೇಕು. ತಂದೆ ಮಾಡಿದ ಸಾಲ ಮಗನ ಹೆಗಲಿಗೆ ಬೀಳುವುದು ಹೀಗೆ.

ಇದನ್ನು ಕಂಡೇ ರಿಸರ್ವ್ ಬ್ಯಾಂಕು 2023ರ ಆಗಸ್ಟಿನಲ್ಲಿ ಒಂದು ಆಜ್ಞೆ ಹೊರಡಿಸಿತು. ಅದರಂತೆ ದರ ಬದಲಾದಾಗ ಕಂತನ್ನು ಹೆಚ್ಚಿಸುವುದೋ, ಮುದ್ದತನ್ನು ಬೆಳೆಸುವುದೋ, ಸ್ವಲ್ಪ ಹಣವನ್ನು ಮುಂಗಡವಾಗಿ ಕಟ್ಟುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡತಕ್ಕದ್ದು. ಆದುದರಿಂದ ಬ್ಯಾಂಕಿನಿಂದ ಬಂದ ಕಾಗದವನ್ನು ಓದದೆ ಗೂಡಿನಲ್ಲಿ ಇಡಬಾರದು.

5. ತಿಂಗಳ ಕಂತು ಮತ್ತು ವರ್ಷದ ಆದಾಯ

ಸಂಬಳದಾರನಿಗೆ ತಿಂಗಳಿಗೊಮ್ಮೆ ಹಣ ಬರುತ್ತದೆ, ತಿಂಗಳಿಗೊಮ್ಮೆ ಕಂತು ಹೋಗುತ್ತದೆ. ಈ ಮೂರು ತಾಲೂಕುಗಳ ಕಬ್ಬಿನ ಬೆಳೆಗಾರನಿಗೆ ಹಾಗಲ್ಲ. ಕಬ್ಬು ಬೆಳೆಯಲು ಒಂದು ವರ್ಷವೋ ಅದಕ್ಕಿಂತ ಹೆಚ್ಚೋ ಬೇಕು. ಕಾರಖಾನೆಯ ಬಿಲ್ಲು ನುರಿಸುವ ಹಂಗಾಮಿನಲ್ಲಿ ಬರುತ್ತದೆ. 1966ರ ಕಬ್ಬು ನಿಯಂತ್ರಣ ಆದೇಶದಂತೆ ಕಬ್ಬು ಮುಟ್ಟಿದ 14 ದಿನಗಳಲ್ಲಿ ಹಣ ಸಲ್ಲಬೇಕು; ತಡವಾದರೆ ಶೇಕಡಾ 15ರ ಬಡ್ಡಿ ಸೇರಬೇಕು. ಆದರೂ ತಡವಾಗುವ ಸಂಭವವನ್ನು ಲೆಕ್ಕದಲ್ಲಿ ಇಟ್ಟುಕೊಳ್ಳತಕ್ಕದ್ದು.

ಇಲ್ಲಿ ಒಂದು ಅಪಾಯವಿದೆ. ಕಬ್ಬಿನಂಥ ದೀರ್ಘಾವಧಿಯ ಬೆಳೆಯ ಸಾಲವು ಒಂದು ಬೆಳೆಯ ಹಂಗಾಮು ಪೂರ್ತಿ ಬಾಕಿ ಉಳಿದ ಮೇಲೆಯೇ ಬ್ಯಾಂಕಿನ ದೃಷ್ಟಿಯಲ್ಲಿ ಕೆಟ್ಟ ಸಾಲವಾಗುತ್ತದೆ. ಮನೆಸಾಲವಾದರೋ ಬಾಕಿಯು 90 ದಿನ ಮೀರಿದರೆ ಕೆಟ್ಟ ಸಾಲವಾಗುತ್ತದೆ. ಬಳಿಕ 2002ರ ಸರ್ಫೇಸಿ ಕಾಯಿದೆಯಂತೆ 60 ದಿನಗಳ ನೋಟೀಸು ಕೊಟ್ಟು, ಅಡವಿಟ್ಟ ಮನೆಯನ್ನು ಸ್ವಾಧೀನಕ್ಕೆ ತೆಗೆದುಕೊಳ್ಳಲು ಅವಕಾಶವಿದೆ. ಸಾಗುವಳಿಯ ಭೂಮಿಯನ್ನು ಆ ಕಾಯಿದೆ ಮುಟ್ಟುವುದಿಲ್ಲ, ಮನೆಯನ್ನು ಮುಟ್ಟುತ್ತದೆ. ಬೆಳೆಸಾಲದ ರೂಢಿಯಿಂದ “ಸುಗ್ಗಿಗೆ ಕಟ್ಟಿದರಾಯಿತು” ಎಂದುಕೊಂಡವನು ಸುಗ್ಗಿ ಬರುವ ಮೊದಲೇ ಮನೆಯ ಬಾಗಿಲಿಗೆ ನೋಟೀಸು ಅಂಟಿದ್ದನ್ನು ಕಂಡಾನು. ಆದುದರಿಂದ ಬಿಲ್ಲು ಬಂದ ದಿನವೇ ಮುಂದಿನ ಹಂಗಾಮಿನವರೆಗಿನ ಕಂತುಗಳ ಹಣವನ್ನು ಬೇರೆ ಖಾತೆಯಲ್ಲಿ ತೆಗೆದಿಡತಕ್ಕದ್ದು. ಬೆಳೆಯ ಕಾಲಕ್ಕೆ ಹೊಂದುವ ಅರ್ಧವಾರ್ಷಿಕ ಕಂತು ದೊರೆಯುವುದೇ ಎಂದು ಸಾಲ ಪಡೆಯುವ ಮೊದಲೇ ಕೇಳತಕ್ಕದ್ದು.

6. ಮೊದಲ ವರ್ಷಗಳಲ್ಲಿ ಅಸಲನ್ನು ತಗ್ಗಿಸುವ ಉಪಾಯ

ವರ್ಷಕ್ಕೊಮ್ಮೆ ಹಣ ಬರುವುದು ತೊಂದರೆಯಾಗಿರುವಂತೆಯೇ ಒಂದು ಅನುಕೂಲವೂ ಆಗಿದೆ. ಕಬ್ಬಿನ ಪೈರಿನಲ್ಲಿ ಮೊದಲ ಮೂರು ನಾಲ್ಕು ತಿಂಗಳಲ್ಲಿ ಕಳೆ ತೆಗೆದರೆ ಇಳುವರಿ ಉಳಿಯುತ್ತದೆ. ಪೈರು ಎದೆಯುದ್ದ ಬಂದ ಮೇಲೆ ತೆಗೆದರೆ ಕೂಲಿಯೂ ದಂಡ, ಹೋದ ಇಳುವರಿಯೂ ಮರಳದು. ಸಾಲದಲ್ಲಿ ಬಡ್ಡಿಯ ಸ್ವಭಾವವೂ ಇಂಥದೇ.

ಮೇಲಿನ 20 ವರ್ಷದ ಸಾಲದಲ್ಲಿ ಮೊದಲನೆಯ ವರ್ಷದ ಕೊನೆಗೆ 1 ಲಕ್ಷ ರೂಪಾಯಿಯನ್ನು ಅಸಲಿಗೆ ಹೆಚ್ಚಾಗಿ ಕಟ್ಟಿದರೆ ಮುಂದೆ ಉಳಿಯುವ ಬಡ್ಡಿ ಸುಮಾರು 3 ಲಕ್ಷ 54 ಸಾವಿರ. ಅದೇ 1 ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಸುಮಾರು 48 ಸಾವಿರ ಮಾತ್ರ.

ಒಟ್ಟಿಗೆ 1 ಲಕ್ಷ ಕಟ್ಟಲು ಎಲ್ಲರಿಗೂ ಸಾಧ್ಯವಾಗದು. ಪ್ರತಿ ವರ್ಷ ಬಿಲ್ಲಿನ ಹಣದಿಂದ 25,000 ರೂಪಾಯಿಯನ್ನು, ಎಂದರೆ ಟನ್ನಿಗೆ 3,000 ರೂಪಾಯಿಯಂತೆ ಹಿಡಿದರೆ ಎಂಟು ಟನ್ನಿಗಿಂತ ತುಸು ಹೆಚ್ಚು ಕಬ್ಬಿನ ಹಣವನ್ನು, ಅಸಲಿಗೆ ಕಟ್ಟುತ್ತ ಬಂದರೆ ಸಾಲವು 20 ವರ್ಷಗಳ ಬದಲು 13 ವರ್ಷಗಳಲ್ಲಿ ತೀರುತ್ತದೆ. ಹೀಗೆ ಹೆಚ್ಚಾಗಿ ಕಟ್ಟಿದ್ದು ಒಟ್ಟು 3 ಲಕ್ಷ. ಉಳಿದ ಬಡ್ಡಿ ಸುಮಾರು 4 ಲಕ್ಷ 60 ಸಾವಿರ. ಕಟ್ಟುವಾಗ “ಕಂತನ್ನು ಇಳಿಸಬೇಡಿರಿ, ಮುದ್ದತನ್ನು ಇಳಿಸಿರಿ” ಎಂದು ಬರೆದು ಕೊಟ್ಟು, ಪೋಚು ಪಡೆಯತಕ್ಕದ್ದು. ಬದಲಾಗುವ ಬಡ್ಡಿಯ ಮನೆಸಾಲವನ್ನು ಮುಂಚಿತವಾಗಿ ತೀರಿಸುವ ವ್ಯಕ್ತಿಗಳಿಂದ ದಂಡ ತೆಗೆದುಕೊಳ್ಳಕೂಡದೆಂದು ರಿಸರ್ವ್ ಬ್ಯಾಂಕು 2012ರಲ್ಲಿಯೇ ಬ್ಯಾಂಕುಗಳಿಗೆ ಆಜ್ಞಾಪಿಸಿದೆ.

ಆದರೆ ಈ ಹಣ ಕಟ್ಟುವುದಕ್ಕಾಗಿ ಬೀಜ ಗೊಬ್ಬರಕ್ಕೆ ಕೈಸಾಲ ಮಾಡಬಾರದು. ನೂರಕ್ಕೆ ತಿಂಗಳಿಗೆ ಎರಡು ರೂಪಾಯಿಯ ಬಡ್ಡಿ ಎಂದರೆ ವರ್ಷಕ್ಕೆ ಶೇಕಡಾ 24. ಶೇಕಡಾ 9ರ ಸಾಲವನ್ನು ತೀರಿಸಲು ಶೇಕಡಾ 24ರ ಸಾಲ ಮಾಡುವುದು ವಿವೇಕವಲ್ಲ.

7. ಕಡಮೆಯಂತೆ ತೋರುವ ಬಡ್ಡಿ

ಕೆಲವು ಸಾಲಗಳಲ್ಲಿ ಅಸಲು ತಗ್ಗುತ್ತ ಬಂದರೂ ಬಡ್ಡಿಯನ್ನು ಮೊದಲಿನ ಅಸಲಿನ ಮೇಲೆಯೇ ಹಾಕುತ್ತಾರೆ. ಇದಕ್ಕೆ ಫ್ಲಾಟ್ ಬಡ್ಡಿ ಎನ್ನುವರು. 2 ಲಕ್ಷಕ್ಕೆ ಶೇಕಡಾ 10ರ ಫ್ಲಾಟ್ ಬಡ್ಡಿಯಂತೆ ಐದು ವರ್ಷಕ್ಕೆ 1 ಲಕ್ಷ ಬಡ್ಡಿ, ತಿಂಗಳಿಗೆ 5,000 ಕಂತು. ತಗ್ಗುವ ಅಸಲಿನ ಲೆಕ್ಕದಲ್ಲಿ ಇದರ ನಿಜವಾದ ದರ ಶೇಕಡಾ 17ಕ್ಕೂ ಮೇಲು. ಮನೆಯ ಪಂಚಾಯತಿ ದಾಖಲೆ, ಇ-ಸ್ವತ್ತಿನ ನಮೂನೆ ಸರಿಯಿಲ್ಲದವರು ಬ್ಯಾಂಕಿನಲ್ಲಿ ಸಾಲ ಸಿಗದೆ ಇಂಥ ಸಾಲಗಳಿಗೆ ಕೈಯೊಡ್ಡುವ ಸಂಭವ ಹೆಚ್ಚು. ಆದುದರಿಂದ ಮನೆಗೆ ಪಾಯ ತೆಗೆಯುವ ಮುಂಚೆ ದಾಖಲೆಯನ್ನು ಸರಿಪಡಿಸಿಕೊಳ್ಳುವುದೇ ಬಡ್ಡಿಯನ್ನು ಉಳಿಸುವ ಮೊದಲನೆಯ ಹೆಜ್ಜೆ. ಗ್ರಾಮದ ಹಿರಿಯರೂ ಪಂಚಾಯತಿಯ ಸದಸ್ಯರೂ ಈ ವಿಷಯದಲ್ಲಿ ಜನರಿಗೆ ನೆರವಾದರೆ ದೊಡ್ಡ ಉಪಕಾರವಾದೀತು.

8. ನೆನಪಿನಲ್ಲಿ ಇಡತಕ್ಕ ಅಂಶಗಳು

(1) ಸಹಿ ಮಾಡುವ ಮೊದಲು ಒಟ್ಟು ಎಷ್ಟು ಹಣ ಕಟ್ಟಬೇಕಾಗುವುದೆಂದು ಬರಹದಲ್ಲಿ ಕೇಳಬೇಕು. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಇಂಥ ಸಾಲಗಳಿಗೆ ವಾರ್ಷಿಕ ನಿಜ ದರ, ಎಲ್ಲ ಶುಲ್ಕ, ಕಂತಿನ ಪಟ್ಟಿ ಇವುಗಳುಳ್ಳ ವಿವರಪತ್ರವನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡತಕ್ಕದ್ದು. ಕನ್ನಡದಲ್ಲಿ ಕೇಳಲು ಸಂಕೋಚಪಡಬಾರದು.

(2) ತಾಳಬಲ್ಲಷ್ಟು ಕಡಮೆ ಮುದ್ದತನ್ನು ಆರಿಸಬೇಕು. ಬರ ಬಿದ್ದ ವರ್ಷವೂ ಕಟ್ಟಲಾಗುವಷ್ಟು ಕಂತು ಇರಬೇಕು.

(3) ದರದಲ್ಲಿ ಅರ್ಧ ಶೇಕಡಾ ವ್ಯತ್ಯಾಸವೂ ಸಣ್ಣದಲ್ಲ. 10 ಲಕ್ಷಕ್ಕೆ 20 ವರ್ಷದಲ್ಲಿ ಶೇಕಡಾ 9ರ ಬದಲು 8.5 ಆದರೆ ಸುಮಾರು 76,500 ರೂಪಾಯಿ ಉಳಿಯುತ್ತದೆ. ಎರಡು ಮೂರು ಕಡೆ ವಿಚಾರಿಸಬೇಕು.

(4) ಮೊದಲ ಐದಾರು ವರ್ಷ ಸುಗ್ಗಿಯ ಹಣದಲ್ಲಿ ಒಂದು ಪಾಲನ್ನು ಅಸಲಿಗೆ ತಪ್ಪದೆ ಕಟ್ಟಬೇಕು.

(5) ವರ್ಷಕ್ಕೊಮ್ಮೆ ಉಳಿದ ಅಸಲು, ಉಳಿದ ಕಂತುಗಳ ಸಂಖ್ಯೆ ಎರಡನ್ನೂ ಬರೆಸಿಕೊಂಡು ಬರಬೇಕು.

(6) ಸಾಲ ಪೂರ್ತಿ ತೀರಿದ 30 ದಿನಗಳಲ್ಲಿ ಮನೆಯ ಮೂಲ ಕಾಗದಪತ್ರಗಳು ಕೈಗೆ ಬರಬೇಕು. ಸಾಲ ಕೊಟ್ಟವರ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಸಲ್ಲಬೇಕೆಂಬ ನಿಯಮವು 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ.

ಹೊಲದ ಪ್ರತಿಯೊಂದು ಸಾಲಿನ ಲೆಕ್ಕ ಬಲ್ಲ ಒಕ್ಕಲಿಗನಿಗೆ ಈ ಲೆಕ್ಕವೂ ಕಷ್ಟವಲ್ಲ. ಒಂದು ಸಂಜೆ ಮನೆಯ ಓದು ಬಲ್ಲ ಮಗನನ್ನೋ ಮಗಳನ್ನೋ ಕೂರಿಸಿಕೊಂಡು ಸಾಲದ ಪಟ್ಟಿಯನ್ನು ಒಂದು ಸಲ ಪೂರ್ತಿ ಓದಿಸಿದರೆ, ಮುಂದಿನ ಏಳು ವರ್ಷಗಳ ದುಡಿಮೆ ಬಡ್ಡಿಗೆ ಹೋಗದೆ ಮನೆಯಲ್ಲಿಯೇ ಉಳಿಯಬಹುದು.